ಮಾರಾಟದ ಲೆಕ್ಕ: ಧಾರಣೆ, ತೂಕ ಮತ್ತು ಕೈಗೆ ಬರುವ ಹಣ

(ಹಿಡುವಳಿದಾರರಿಗೂ ಗ್ರಾಮದ ಮುಖಂಡರಿಗೂ ಉದ್ದೇಶಿಸಿದ ಉಪನ್ಯಾಸ)

ಒಕ್ಕಲುತನದ ಕೆಲಸವು ವರ್ಷವಿಡೀ ನಡೆಯತಕ್ಕದ್ದು. ಉಳುಮೆ, ಗೊಬ್ಬರ, ಬಿತ್ತನೆ, ಕಳೆ, ಕುಯ್ಲು, ಒಕ್ಕಣೆ ಎಂಬ ಒಂದೊಂದು ಕೆಲಸಕ್ಕೂ ವಾರಗಟ್ಟಲೆ ದುಡಿಮೆಯು ಬೇಕು. ಆದರೆ ಆ ದುಡಿಮೆಯೆಲ್ಲ ಹಣವಾಗಿ ಪರಿಣಮಿಸುವುದು ಮಾರಾಟದ ಒಂದು ಗಳಿಗೆಯಲ್ಲಿ. ತಕ್ಕಡಿಯ ಮುಂದೆ ನಿಂತಿರುವ ಆ ಗಳಿಗೆಯಲ್ಲಿ ರೈತನು ಲೆಕ್ಕದಲ್ಲಿ ಎಡವಿದರೆ, ಹೊಲದಲ್ಲಿ ಬೆವರು ಸುರಿಸಿ ಉಳಿಸಿಕೊಂಡುದೆಲ್ಲವೂ ಕಾಗದದ ಒಂದು ಚೂರಿನ ಮೇಲೆ ಕಳೆದುಹೋಗುವುದು.

ಹೀಗೆ ಕಳೆದುಹೋಗುವ ಹಣವೆಲ್ಲವೂ ಮೋಸದಿಂದಲೇ ಹೋಗುವುದೆಂದು ತಿಳಿಯತಕ್ಕದ್ದಲ್ಲ. ವರ್ತಕನು ನ್ಯಾಯವಂತನಾಗಿದ್ದರೂ, ತಕ್ಕಡಿಯು ನೆಟ್ಟಗಿದ್ದರೂ, ಧಾರಣೆಯನ್ನು ತೂಕಕ್ಕೆ ಹೊಂದಿಸುವಲ್ಲಿ, ಖರ್ಚನ್ನು ಕಳೆಯುವಲ್ಲಿ, ಒಂದು ಮಾರುಕಟ್ಟೆಯನ್ನು ಇನ್ನೊಂದರೊಡನೆ ಹೋಲಿಸುವಲ್ಲಿ ನಷ್ಟವು ಸಂಭವಿಸಬಹುದು. ಇದರ ಪರಿಹಾರಕ್ಕೆ ದೊಡ್ಡ ವಿದ್ಯೆಯು ಬೇಕಿಲ್ಲ. ಶಾಲೆಯ ನಾಲ್ಕನೆಯ ತರಗತಿಯ ಹುಡುಗನು ಮಾಡುವ ಕೂಡುವಿಕೆ, ಕಳೆಯುವಿಕೆ, ಗುಣಾಕಾರ, ಭಾಗಾಕಾರಗಳೇ ಸಾಕು. ಬೆಲೆಯನ್ನು ಏರಿಸುವುದು ರೈತನ ಕೈಯಲ್ಲಿಲ್ಲ. ಬಂದ ಬೆಲೆಯ ಲೆಕ್ಕವನ್ನು ಸರಿಯಾಗಿ ಮಾಡಿಕೊಳ್ಳುವುದು ಮಾತ್ರ ಸಂಪೂರ್ಣವಾಗಿ ಅವನ ಕೈಯಲ್ಲಿದೆ. ಈ ಉಪನ್ಯಾಸದ ವಿಷಯವು ಇಷ್ಟೇ. ಇದರಲ್ಲಿ ಬರುವ ಧಾರಣೆ, ಬಾಡಿಗೆ ಮುಂತಾದ ಅಂಕಿಗಳೆಲ್ಲವೂ ಲೆಕ್ಕದ ಸೌಕರ್ಯಕ್ಕಾಗಿ ಇಟ್ಟುಕೊಂಡವುಗಳೇ ಹೊರತು ಯಾವ ಮಾರುಕಟ್ಟೆಯ ಧಾರಣೆಯೂ ಅಲ್ಲ.

೧. ಮೂರು ಸಂಖ್ಯೆಗಳು

ಯಾವ ಮಾರಾಟದಲ್ಲಿಯೂ ಮೂರು ಸಂಖ್ಯೆಗಳಿರುತ್ತವೆ. ಮೊದಲನೆಯದು ಮಾಲಿನ ತೂಕ ಅಥವಾ ಎಣಿಕೆ; ಎರಡನೆಯದು ಧಾರಣೆ, ಎಂದರೆ ಗೊತ್ತಾದ ಒಂದು ಪ್ರಮಾಣಕ್ಕೆ ನಿಂತ ಬೆಲೆ; ಮೂರನೆಯದು ಒಟ್ಟು ಹಣ. ಇವುಗಳಲ್ಲಿ ಎರಡು ತಿಳಿದಿದ್ದರೆ ಮೂರನೆಯದು ತಾನಾಗಿಯೇ ದೊರೆಯುವುದು. ತೂಕವನ್ನು ಧಾರಣೆಯಿಂದ ಗುಣಿಸಿದರೆ ಹಣ. ಹಣವನ್ನು ತೂಕದಿಂದ ಭಾಗಿಸಿದರೆ ಧಾರಣೆ. ಹಣವನ್ನು ಧಾರಣೆಯಿಂದ ಭಾಗಿಸಿದರೆ ತೂಕ. ಲೆಕ್ಕವು ಎಷ್ಟೇ ತೊಡಕಿನ ಮಾತುಗಳಲ್ಲಿ ಬಂದರೂ, ಕೊಟ್ಟಿರುವುವು ಯಾವ ಎರಡು, ಬೇಕಾದುದು ಯಾವುದು ಎಂದು ಮೊದಲು ಗುರುತಿಸಿಕೊಂಡರೆ ಅರ್ಧ ಕೆಲಸವು ಮುಗಿದಂತೆಯೇ.

ಈ ವಿದ್ಯೆಯು ಈ ನಾಡಿಗೆ ಹೊಸದಲ್ಲ. ಒಂಬತ್ತನೆಯ ಶತಮಾನದಲ್ಲಿ, ರಾಷ್ಟ್ರಕೂಟ ದೊರೆಯಾದ ಅಮೋಘವರ್ಷ ನೃಪತುಂಗನ ಕಾಲದಲ್ಲಿ, ಮಹಾವೀರಾಚಾರ್ಯನು ಸಂಸ್ಕೃತದಲ್ಲಿ ರಚಿಸಿದ ಗಣಿತಸಾರಸಂಗ್ರಹದಲ್ಲಿ ಕ್ರಯವಿಕ್ರಯದ ಲೆಕ್ಕಗಳು ಹೇರಳವಾಗಿವೆ. ಹನ್ನೆರಡನೆಯ ಶತಮಾನದ ರಾಜಾದಿತ್ಯನು ಕನ್ನಡದಲ್ಲಿಯೇ ವ್ಯವಹಾರಗಣಿತವೆಂಬ ಗ್ರಂಥವನ್ನು ಬರೆದನು. ಹಿಂದಿನ ಕೂಲಿಮಠಗಳಲ್ಲಿ ಮಕ್ಕಳು ಮಗ್ಗಿಯನ್ನು ಬಾಯಿಪಾಠ ಮಾಡುತ್ತಿದ್ದುದೂ ಸಂತೆಯ ಲೆಕ್ಕವು ನಾಲಗೆಯ ತುದಿಯಲ್ಲಿರಬೇಕೆಂಬ ಉದ್ದೇಶದಿಂದಲೇ.

೨. ತ್ರೈರಾಶಿಕದ ಕ್ರಮ

ಹಿಂದಿನವರು ಈ ಲೆಕ್ಕಕ್ಕೆ ತ್ರೈರಾಶಿಕವೆಂದು ಹೆಸರಿಟ್ಟರು. ಗೊತ್ತಾದ ಅಳತೆಗೆ ಪ್ರಮಾಣವೆಂದೂ, ಆ ಅಳತೆಗೆ ನಿಂತ ಬೆಲೆಗೆ ಫಲವೆಂದೂ, ಮಾರಬೇಕಾದ ಅಥವಾ ಕೊಳ್ಳಬೇಕಾದ ಮೊತ್ತಕ್ಕೆ ಇಚ್ಛೆಯೆಂದೂ ಹೆಸರು. ಫಲವನ್ನು ಇಚ್ಛೆಯಿಂದ ಗುಣಿಸಿ ಪ್ರಮಾಣದಿಂದ ಭಾಗಿಸಿದರೆ ಬೇಕಾದ ಉತ್ತರವು ಬರುವುದು.

ಒಬ್ಬ ರೈತನು ೭ ಕ್ವಿಂಟಾಲ್ ೩೫ ಕಿಲೋ ರಾಗಿಯನ್ನು ಕ್ವಿಂಟಾಲಿಗೆ ೩,೬೦೦ ರೂಪಾಯಿಯ ಧಾರಣೆಯಲ್ಲಿ ಮಾರಿದನೆಂದು ಇಟ್ಟುಕೊಳ್ಳಬಹುದು. ಒಂದು ಕ್ವಿಂಟಾಲಿಗೆ ನೂರು ಕಿಲೋ. ಇಲ್ಲಿ ಪ್ರಮಾಣವು ೧೦೦ ಕಿಲೋ, ಫಲವು ೩,೬೦೦ ರೂಪಾಯಿ, ಇಚ್ಛೆಯು ೭೩೫ ಕಿಲೋ. ೩,೬೦೦ನ್ನು ೭೩೫ರಿಂದ ಗುಣಿಸಿ ೧೦೦ರಿಂದ ಭಾಗಿಸಿದರೆ ೨೬,೪೬೦ ರೂಪಾಯಿ.

ಇದಕ್ಕಿಂತಲೂ ಸುಲಭವಾದ ಸೂತ್ರವೊಂದುಂಟು. ಕ್ವಿಂಟಾಲಿಗೆ ಎಷ್ಟು ರೂಪಾಯಿಯೋ ಕಿಲೋವಿಗೆ ಅಷ್ಟೇ ಪೈಸೆ. ೩,೬೦೦ ರೂಪಾಯಿಯ ಧಾರಣೆಯೆಂದರೆ ಕಿಲೋವಿಗೆ ೩,೬೦೦ ಪೈಸೆ, ಎಂದರೆ ೩೬ ರೂಪಾಯಿ. ೭೦೦ ಕಿಲೋವಿಗೆ ೨೫,೨೦೦; ಮಿಕ್ಕ ೩೫ ಕಿಲೋವಿಗೆ ೧,೨೬೦; ಒಟ್ಟು ೨೬,೪೬೦. ಕಾಗದವಿಲ್ಲದಿದ್ದರೂ ಈ ಲೆಕ್ಕವನ್ನು ಬಾಯಲ್ಲಿಯೇ ಮಾಡಬಹುದು.

ಉತ್ತರವು ಬಂದೊಡನೆ ಅದನ್ನು ಒಮ್ಮೆ ತೂಗಿ ನೋಡತಕ್ಕದ್ದು. ಏಳು ಕ್ವಿಂಟಾಲಿಗೆ ೨೫,೨೦೦ ರೂಪಾಯಿ, ಏಳೂವರೆಗೆ ೨೭,೦೦೦ ರೂಪಾಯಿ. ಮಾಲು ಇವೆರಡರ ನಡುವೆ ಇರುವುದರಿಂದ ಹಣವೂ ಇವೆರಡರ ನಡುವೆಯೇ ಇರಬೇಕು. ಚೀಟಿಯಲ್ಲಿ ೨೪,೬೪೦ ಎಂದು ಬರೆದಿದ್ದರೆ, ಅಂಕಿಗಳು ಹಿಂದುಮುಂದಾಗಿವೆಯೆಂದು ಆ ಕ್ಷಣದಲ್ಲಿಯೇ ತಿಳಿಯುವುದು.

ಇಲ್ಲಿ ಒಂದು ಅಪಾಯವನ್ನು ಮುಖ್ಯವಾಗಿ ನೆನಪಿನಲ್ಲಿಡತಕ್ಕದ್ದು. ೭ ಕ್ವಿಂಟಾಲ್ ೫ ಕಿಲೋ ಎಂಬುದನ್ನು ದಶಾಂಶದಲ್ಲಿ ೭.೦೫ ಎಂದು ಬರೆಯಬೇಕು. ಅದನ್ನು ೭.೫ ಎಂದು ಬರೆದರೆ ೭ ಕ್ವಿಂಟಾಲ್ ೫೦ ಕಿಲೋ ಎಂದಾಗುವುದು. ಹಾಗೆಯೇ ೭ ಕ್ವಿಂಟಾಲ್ ೫೦ ಕಿಲೋ ಇದ್ದುದನ್ನು ೭.೦೫ ಎಂದು ಬರೆದರೆ ೪೫ ಕಿಲೋ ಮಾಲು ಲೆಕ್ಕದಿಂದ ಬಿಟ್ಟುಹೋಗುವುದು. ಮೇಲಿನ ಧಾರಣೆಯಲ್ಲಿ ಆ ಒಂದು ಸೊನ್ನೆಯ ಬೆಲೆ ೧,೬೨೦ ರೂಪಾಯಿ. ಚುಕ್ಕಿಯನ್ನು ಇಡುವುದರಲ್ಲಿ ಸಂದೇಹವಿದ್ದರೆ ತೂಕವನ್ನೆಲ್ಲ ಕಿಲೋವಿಗೆ ತಂದುಕೊಂಡು ೭೦೫ ಎಂದೋ ೭೫೦ ಎಂದೋ ಬರೆಯುವುದು ಕ್ಷೇಮ.

೩. ಒಂದೇ ಜಾತಿಯ ಅಳತೆಗಳು

ಪ್ರಮಾಣ ಮತ್ತು ಇಚ್ಛೆಗಳೆರಡೂ ಒಂದೇ ಜಾತಿಯ ಅಳತೆಯಲ್ಲಿರಬೇಕೆಂಬುದು ತ್ರೈರಾಶಿಕದ ಮೊದಲನೆಯ ನಿಯಮ. ಧಾರಣೆಯು ಕ್ವಿಂಟಾಲಿನಲ್ಲಿದ್ದು ಮಾಲು ಕಿಲೋವಿನಲ್ಲಿದ್ದರೆ ಎರಡನ್ನೂ ಒಂದಕ್ಕೆ ತಂದುಕೊಂಡ ಮೇಲೆಯೇ ಗುಣಿಸತಕ್ಕದ್ದು.

ಹಿಂದೆ ಈ ವಿಷಯದಲ್ಲಿ ತೊಡಕು ಬಹಳವಾಗಿತ್ತು. ರೂಪಾಯಿಗೆ ೧೬ ಆಣೆ, ಆಣೆಗೆ ೧೨ ಕಾಸು. ಖಂಡುಗಕ್ಕೆ ೨೦ ಕೊಳಗ. ರೈಲ್ವೆ ಮಣವು ಸುಮಾರು ೩೭ ಕಿಲೋ ಆಗಿದ್ದರೆ ಮೈಸೂರು ಸೀಮೆಯ ಮಣವು ಅದಕ್ಕಿಂತ ಬಹಳ ಚಿಕ್ಕದು. ೪೦ ಸೇರಿನ ಮಣಕ್ಕೆ ಎಷ್ಟು ರೂಪಾಯಿಯೋ ಎರಡೂವರೆ ಸೇರಿಗೆ ಅಷ್ಟೇ ಆಣೆ ಎಂಬಂತಹ ಸೂತ್ರಗಳಿಂದ ಅಂದಿನವರು ಲೆಕ್ಕವನ್ನು ಸಾಗಿಸುತ್ತಿದ್ದರು. ೧೯೫೬ನೆಯ ಇಸವಿಯ ತೂಕ ಮತ್ತು ಅಳತೆಗಳ ಕಾಯಿದೆಯಿಂದ ಮೆಟ್ರಿಕ್ ಪದ್ಧತಿಗೆ ಆಧಾರವು ದೊರೆಯಿತು. ೧೯೫೭ನೆಯ ಏಪ್ರಿಲ್ ೧ರಿಂದ ರೂಪಾಯಿಯು ನೂರು ಪೈಸೆಗಳಾಗಿ ಭಾಗವಾಯಿತು. ಇದರಿಂದ ಲೆಕ್ಕವು ಬಹಳ ಹಗುರವಾಗಿದೆ.

ಆದರೂ ಕೆಲವು ಹಳ್ಳಿಗಳಲ್ಲಿ ಧಾನ್ಯವನ್ನು ಸೇರಿನಿಂದ ಅಳೆದು ಕೊಡುವ ವಾಡಿಕೆಯು ಉಳಿದಿದೆ. ಸೇರು ಪಾತ್ರೆಯ ಅಳತೆ. ಕಿಲೋ ತೂಕದ ಅಳತೆ. ಒಂದೇ ಪಾತ್ರೆಯಲ್ಲಿ ತುಂಬಿದ ರಾಗಿಯ ತೂಕವೂ ಭತ್ತದ ತೂಕವೂ ಒಂದೇ ಆಗಿರುವುದಿಲ್ಲ. ಧಾನ್ಯವು ಮೇಲೆದ್ದಂತೆ ರಾಶಿಯಾಗಿ ತುಂಬುವುದಕ್ಕೂ ಕೋಲಿನಿಂದ ಸವರಿ ಅಳೆಯುವುದಕ್ಕೂ ವ್ಯತ್ಯಾಸವುಂಟು. ಆದುದರಿಂದ ಸೇರಿನ ಧಾರಣೆಯನ್ನು ಕೇಳಿದ ಕೂಡಲೆ ಒಪ್ಪಿಕೊಳ್ಳದೆ, ಅದೇ ಸೇರಿನಲ್ಲಿ ಅದೇ ಧಾನ್ಯವನ್ನು ತುಂಬಿ ಒಮ್ಮೆ ತೂಗಿ ನೋಡತಕ್ಕದ್ದು.

ಮನೆಯ ಬಾಗಿಲಿಗೆ ಬಂದ ವ್ಯಾಪಾರಿಯು ರಾಗಿಯನ್ನು ಸೇರಿಗೆ ೨೮ ರೂಪಾಯಿಯಂತೆ ಕೇಳುವನೆಂದೂ, ಆ ಸೇರಿನ ರಾಗಿಯು ೮೦೦ ಗ್ರಾಂ ತೂಗುವುದೆಂದೂ ಇಟ್ಟುಕೊಂಡರೆ, ಪ್ರಮಾಣ ೮೦೦ ಗ್ರಾಂ, ಫಲ ೨೮ ರೂಪಾಯಿ, ಇಚ್ಛೆ ೧,೦೦೦ ಗ್ರಾಂ. ಉತ್ತರವು ಕಿಲೋವಿಗೆ ೩೫ ರೂಪಾಯಿ, ಕ್ವಿಂಟಾಲಿಗೆ ೩,೫೦೦ ರೂಪಾಯಿ. ಮಾರುಕಟ್ಟೆಯಲ್ಲಿ ೩,೬೦೦ ಇದ್ದರೆ ನೂರು ರೂಪಾಯಿಯ ಅಂತರವಿದೆಯೆಂದು ತಿಳಿಯಿತು. ಆ ನೂರು ರೂಪಾಯಿಯು ಸಾಗಣೆಯ ಖರ್ಚಿಗಿಂತ ಹೆಚ್ಚೋ ಕಡಿಮೆಯೋ ಎಂಬುದು ಮುಂದಿನ ವಿಚಾರ. ಅಂತರವು ಎಷ್ಟೆಂದೇ ತಿಳಿಯದೆ ಆ ವಿಚಾರಕ್ಕೆ ತೊಡಗಲು ಸಾಧ್ಯವಿಲ್ಲ.

೪. ಬರಿಯ ಚೀಲದ ತೂಕ

ಚೀಲಸಮೇತ ತೂಗಿದ ತೂಕದಿಂದ ಬರಿಯ ಚೀಲದ ತೂಕವನ್ನು ಕಳೆದರೆ ನಿಜವಾದ ಮಾಲಿನ ತೂಕವು ದೊರೆಯುವುದು. ಹೀಗೆ ಕಳೆಯುವುದು ನ್ಯಾಯವೇ. ಎಷ್ಟನ್ನು ಕಳೆಯಬೇಕೆಂಬುದನ್ನು ಮಾತ್ರ ತೂಗಿ ನಿರ್ಣಯಿಸಬೇಕೇ ಹೊರತು ಅಂದಾಜಿನಿಂದ ನಿರ್ಣಯಿಸಕೂಡದು.

ಒಬ್ಬ ಹಿಡುವಳಿದಾರನು ೪೦ ಚೀಲ ಕಡಲೆಕಾಯಿಯನ್ನು ಮಾರುಕಟ್ಟೆಗೆ ತಂದನು. ಚೀಲಸಮೇತ ತೂಕವು ೧,೪೨೮ ಕಿಲೋ. ಹತ್ತು ಬರಿಯ ಚೀಲಗಳನ್ನು ಒಟ್ಟಿಗೆ ತೂಗಿದಾಗ ೭ ಕಿಲೋ ಬಂದಿತು. ಎಂದರೆ ಚೀಲವೊಂದಕ್ಕೆ ೭೦೦ ಗ್ರಾಂ. ನಲವತ್ತು ಚೀಲಕ್ಕೆ ೨೮ ಕಿಲೋ. ಮಾಲಿನ ತೂಕವು ೧,೪೦೦ ಕಿಲೋ, ಎಂದರೆ ೧೪ ಕ್ವಿಂಟಾಲ್. ಚೀಲಕ್ಕೆ ಒಂದೂವರೆ ಕಿಲೋವಿನಂತೆ ಅಂದಾಜಿನಿಂದ ಕಳೆದಿದ್ದರೆ ೬೦ ಕಿಲೋ ಹೋಗಿ ೧,೩೬೮ ಕಿಲೋ ಮಾತ್ರ ಉಳಿಯುತ್ತಿತ್ತು. ವ್ಯತ್ಯಾಸವು ೩೨ ಕಿಲೋ. ಕ್ವಿಂಟಾಲಿಗೆ ೬,೨೦೦ ರೂಪಾಯಿಯ ಧಾರಣೆಯಲ್ಲಿ ಇದರ ಬೆಲೆ ೧,೯೮೪ ರೂಪಾಯಿ. ಒಂದು ಚೀಲಕ್ಕೆ ನೋಡಿದರೆ ೮೦೦ ಗ್ರಾಮಿನ ಮಾತು. ಒಟ್ಟಿಗೆ ನೋಡಿದರೆ ಒಂದು ಚೀಲದ ಬಹುಭಾಗವೇ ಹೋದಂತೆ. ಬರಿಯ ಚೀಲಗಳನ್ನು ಒಂದೊಂದಾಗಿ ತೂಗುವುದಕ್ಕಿಂತ ಹತ್ತನ್ನು ಒಟ್ಟಿಗೆ ತೂಗುವುದರಿಂದ ತೂಕವು ಹೆಚ್ಚು ಖಚಿತವಾಗಿ ತಿಳಿಯುವುದು.

೫. ಎರಡು ಮಾರುಕಟ್ಟೆಗಳ ಹೋಲಿಕೆ

ಚೀಟಿಯ ಮೇಲಿನ ಹಣ ಬೇರೆ, ಕೈಗೆ ಬರುವ ಹಣ ಬೇರೆ. ಧಾರಣೆಯನ್ನು ಮಾತ್ರ ನೋಡಿ ದೂರದ ಮಾರುಕಟ್ಟೆಗೆ ಧಾವಿಸುವುದೂ, ಸಮೀಪವೆಂಬ ಒಂದೇ ಕಾರಣದಿಂದ ಕಡಿಮೆ ಧಾರಣೆಗೆ ಕೊಟ್ಟುಬಿಡುವುದೂ ಎರಡೂ ವಿವೇಕವಲ್ಲ. ಖರ್ಚನ್ನು ಕಳೆದು ಉಳಿದ ಹಣವನ್ನೇ ಹೋಲಿಸತಕ್ಕದ್ದು.

ಮೇಲೆ ಹೇಳಿದ ೪೦ ಚೀಲ, ೧೪ ಕ್ವಿಂಟಾಲ್ ಕಡಲೆಕಾಯಿಯನ್ನೇ ತೆಗೆದುಕೊಳ್ಳಬಹುದು. ಸಮೀಪದ ಮಾರುಕಟ್ಟೆಯ ಧಾರಣೆಯು ೬,೨೦೦. ಒಟ್ಟು ೮೬,೮೦೦ ರೂಪಾಯಿ. ಬಾಡಿಗೆಯು ಚೀಲಕ್ಕೆ ೨೫ರಂತೆ ೧,೦೦೦. ಹಮಾಲಿಯು ಚೀಲಕ್ಕೆ ೮ರಂತೆ ೩೨೦. ಎರಡನ್ನೂ ಕಳೆದರೆ ಕೈಗೆ ಬರುವುದು ೮೫,೪೮೦ ರೂಪಾಯಿ. ಇದನ್ನು ೧೪ರಿಂದ ಭಾಗಿಸಿದರೆ ಕ್ವಿಂಟಾಲಿಗೆ ೬,೧೦೫ ರೂಪಾಯಿ ೭೧ ಪೈಸೆ. ರೈತನಿಗೆ ನಿಜವಾಗಿ ದಕ್ಕಿದ ಧಾರಣೆಯು ಇದು.

ದೂರದ ಮಾರುಕಟ್ಟೆಯಲ್ಲಿ ಧಾರಣೆಯು ೬,೩೫೦. ಒಟ್ಟು ೮೮,೯೦೦ ರೂಪಾಯಿ. ಕ್ವಿಂಟಾಲಿಗೆ ೧೫೦ರಂತೆ ೨,೧೦೦ ರೂಪಾಯಿ ಹೆಚ್ಚು ಬಂದಂತೆ ಕಾಣುವುದು. ಆದರೆ ಬಾಡಿಗೆಯು ಚೀಲಕ್ಕೆ ೬೦ರಂತೆ ೨,೪೦೦. ಹಮಾಲಿಯು ಮೊದಲಿನಂತೆಯೇ ೩೨೦. ಇಡೀ ದಿನದ ಕೆಲಸವು ನಿಂತುದಕ್ಕೂ ಊಟ ಮತ್ತು ಪ್ರಯಾಣಕ್ಕೂ ೬೦೦. ಈ ೩,೩೨೦ನ್ನು ಕಳೆದರೆ ಉಳಿಯುವುದು ೮೫,೫೮೦ ರೂಪಾಯಿ. ೨,೧೦೦ ರೂಪಾಯಿಯ ಆಸೆಯಿಂದ ಹೊರಟವನಿಗೆ ದಕ್ಕಿದುದು ೧೦೦ ರೂಪಾಯಿ ಮಾತ್ರ. ದಾರಿಯಲ್ಲಿ ಎರಡು ಚೀಲ ಹರಿದರೆ ಅದೂ ಇಲ್ಲ.

ಹೀಗೆಂದು ದೂರದ ಮಾರುಕಟ್ಟೆಯನ್ನು ಬಿಟ್ಟುಬಿಡಬೇಕೆಂದು ಅರ್ಥವಲ್ಲ. ಅದೇ ಊರಿನ ಮೂವರು ಹಿಡುವಳಿದಾರರು ಸೇರಿ ಒಂದೇ ಲಾರಿಯನ್ನು ಗೊತ್ತುಮಾಡಿದುದರಿಂದ ಬಾಡಿಗೆಯು ಚೀಲಕ್ಕೆ ೩೫ಕ್ಕೆ ಇಳಿಯಿತೆಂದೂ, ಮೂವರ ಪರವಾಗಿ ಒಬ್ಬನೇ ಹೋದುದರಿಂದ ೬೦೦ ರೂಪಾಯಿಯಲ್ಲಿ ಒಬ್ಬೊಬ್ಬನ ಪಾಲಿಗೆ ೨೦೦ ಮಾತ್ರ ಬಿದ್ದಿತೆಂದೂ ಇಟ್ಟುಕೊಂಡರೆ, ೮೮,೯೦೦ರಿಂದ ೧,೪೦೦, ೩೨೦, ೨೦೦ ಇವುಗಳನ್ನು ಕಳೆದು ೮೬,೯೮೦ ರೂಪಾಯಿ ಉಳಿಯುವುದು. ಸಮೀಪದ ಮಾರುಕಟ್ಟೆಗಿಂತ ೧,೫೦೦ ರೂಪಾಯಿ ಹೆಚ್ಚು. ಒಗ್ಗಟ್ಟಿನ ಲಾಭವನ್ನು ಮಾತಿನಲ್ಲಿ ಹೇಳುವುದಕ್ಕಿಂತ ಹೀಗೆ ಅಂಕಿಯಲ್ಲಿ ತೋರಿಸಿದರೆ ಊರಿನವರು ಬೇಗನೆ ಒಪ್ಪುವರು.

ಕಳೆಯುವ ಬಾಬುಗಳ ವಿಷಯದಲ್ಲಿಯೂ ಎಚ್ಚರಿಕೆಯು ಬೇಕು. ಯಾವ ಖರ್ಚು ಮಾರುವವನದು, ಯಾವುದು ಕೊಳ್ಳುವವನದು ಎಂಬುದನ್ನು ಮೊದಲೇ ಮಾರುಕಟ್ಟೆ ಸಮಿತಿಯ ಕಚೇರಿಯಲ್ಲಿ ವಿಚಾರಿಸಿಕೊಳ್ಳತಕ್ಕದ್ದು. ೧೯೬೬ನೆಯ ಇಸವಿಯ ಕರ್ನಾಟಕದ ಕೃಷಿ ಉತ್ಪನ್ನ ಮಾರುಕಟ್ಟೆ ಕಾಯಿದೆಯ ಮೇರೆಗೆ ಮಾರುಕಟ್ಟೆ ಶುಲ್ಕವು ಕೊಳ್ಳುವವನಿಂದ ವಸೂಲಾಗತಕ್ಕದ್ದು. ಚೀಟಿಯಲ್ಲಿ ಅದನ್ನು ರೈತನ ಹಣದಿಂದ ಕಳೆದಿದ್ದರೆ ಕಾರಣವನ್ನು ಅಲ್ಲಿಯೇ ಕೇಳತಕ್ಕದ್ದು.

೬. ಸರಾಸರಿಯ ಭ್ರಮೆ

ಒಬ್ಬ ರೈತನು ೧೦ ಕ್ವಿಂಟಾಲ್ ರಾಗಿಯನ್ನು ೩,೫೦೦ರಂತೆಯೂ, ಉಳಿದ ೨ ಕ್ವಿಂಟಾಲನ್ನು ೪,೧೦೦ರಂತೆಯೂ ಮಾರಿದನು. ಸರಾಸರಿ ಧಾರಣೆಯು ಎಷ್ಟು? ೩,೫೦೦ ಮತ್ತು ೪,೧೦೦ನ್ನು ಕೂಡಿ ಎರಡರಿಂದ ಭಾಗಿಸಿ ೩,೮೦೦ ಎಂದು ಹೇಳುವವರುಂಟು. ಇದು ತಪ್ಪು. ಮೊದಲಿನ ಹತ್ತು ಕ್ವಿಂಟಾಲಿಗೆ ೩೫,೦೦೦, ಕೊನೆಯ ಎರಡಕ್ಕೆ ೮,೨೦೦, ಒಟ್ಟು ೪೩,೨೦೦ ರೂಪಾಯಿ. ಇದನ್ನು ೧೨ರಿಂದ ಭಾಗಿಸಿದರೆ ೩,೬೦೦ ಮಾತ್ರ. ಹೆಚ್ಚು ಮಾಲು ಯಾವ ಧಾರಣೆಗೆ ಹೋಯಿತೋ ಸರಾಸರಿಯು ಅದರ ಕಡೆಗೇ ವಾಲುವುದು.

ಈ ತಪ್ಪಿನಿಂದ ಆಗುವ ಕೇಡು ಇಷ್ಟೇ ಅಲ್ಲ. ತನಗೆ ೩,೮೦೦ ದಕ್ಕಿತೆಂದು ನಂಬಿದ ರೈತನು ಮುಂದಿನ ವರ್ಷದ ಸಾಲವನ್ನೂ ಮದುವೆ ಮುಂಜಿಗಳ ಖರ್ಚನ್ನೂ ಆ ನಂಬಿಕೆಯ ಮೇಲೆ ಗೊತ್ತುಮಾಡುವನು. ಹನ್ನೆರಡು ಕ್ವಿಂಟಾಲಿನ ಮೇಲೆ ೨,೪೦೦ ರೂಪಾಯಿಯು ಎಂದೂ ಬಾರದ ಹಣವಾಗಿ ಲೆಕ್ಕದಲ್ಲಿ ಸೇರಿಕೊಂಡಿರುವುದು.

ಇದೇ ರೀತಿ, ನೂರಕ್ಕೆ ಹತ್ತು ಇಳಿದ ಧಾರಣೆಯು ಮತ್ತೆ ನೂರಕ್ಕೆ ಹತ್ತು ಏರಿದರೆ ಮೊದಲಿನಷ್ಟೇ ಆಗುವುದೆಂಬುದೂ ಭ್ರಮೆಯೇ. ೪,೦೦೦ವು ನೂರಕ್ಕೆ ಹತ್ತು ಇಳಿದರೆ ೩,೬೦೦. ಆ ೩,೬೦೦ಕ್ಕೆ ನೂರಕ್ಕೆ ಹತ್ತು ಎಂದರೆ ೩೬೦. ಏರಿದ ಮೇಲಿನ ಧಾರಣೆಯು ೩,೯೬೦. ನಲವತ್ತು ರೂಪಾಯಿ ಇನ್ನೂ ಕಡಿಮೆ.

೭. ಕಾದು ಮಾರುವುದು

ಕಣದಿಂದಲೇ ಮಾರುವುದು ಲಾಭವೋ, ಕೆಲವು ತಿಂಗಳು ಇಟ್ಟು ಮಾರುವುದು ಲಾಭವೋ ಎಂಬ ಪ್ರಶ್ನೆಯು ಪ್ರತಿವರ್ಷವೂ ಏಳುವುದು. ಇದಕ್ಕೆ ಎಲ್ಲ ಕಾಲಕ್ಕೂ ಸಲ್ಲುವ ಒಂದೇ ಉತ್ತರವಿಲ್ಲ, ಲೆಕ್ಕವೊಂದೇ ಉತ್ತರ.

ಒಬ್ಬನಲ್ಲಿ ೪೦ ಕ್ವಿಂಟಾಲ್ ಮುಸುಕಿನ ಜೋಳವಿದೆ. ಈಗಿನ ಧಾರಣೆಯು ೨,೦೦೦. ಈಗಲೇ ಮಾರಿದರೆ ೮೦,೦೦೦ ರೂಪಾಯಿ. ನಾಲ್ಕು ತಿಂಗಳ ಮೇಲೆ ೨,೨೫೦ ಆದೀತೆಂದು ಅವನ ಎಣಿಕೆ. ನಲವತ್ತು ಕ್ವಿಂಟಾಲಿಗೆ ೨೫೦ರಂತೆ ೧೦,೦೦೦ ರೂಪಾಯಿ ಲಾಭವೆಂದು ಮೇಲುನೋಟಕ್ಕೆ ತೋರುವುದು.

ಆದರೆ ನಾಲ್ಕು ತಿಂಗಳಲ್ಲಿ ಕಾಳು ಒಣಗಿ, ಹುಳ ಇಲಿಗಳ ಬಾಧೆಯೂ ಸೇರಿ, ನೂರಕ್ಕೆ ಐದು ಕಡಿಮೆಯಾಯಿತೆಂದರೆ ಉಳಿಯುವುದು ೩೮ ಕ್ವಿಂಟಾಲ್. ೨,೨೫೦ರಂತೆ ಇದರ ಬೆಲೆ ೮೫,೫೦೦. ದಾಸ್ತಾನಿನ ಬಾಡಿಗೆಯು ಕ್ವಿಂಟಾಲಿಗೆ ತಿಂಗಳಿಗೆ ೧೦ರಂತೆ ನಾಲ್ಕು ತಿಂಗಳಿಗೆ ೧,೬೦೦. ಅವನಿಗೆ ೫೦,೦೦೦ ರೂಪಾಯಿಯ ಸಾಲವಿದ್ದು, ಬಡ್ಡಿಯು ತಿಂಗಳಿಗೆ ನೂರಕ್ಕೆ ಒಂದು ರೂಪಾಯಿಯಾದರೆ, ಈಗಲೇ ಮಾರಿ ತೀರಿಸದೆ ಇಟ್ಟುಕೊಂಡುದಕ್ಕೆ ನಾಲ್ಕು ತಿಂಗಳ ಬಡ್ಡಿಯು ೨,೦೦೦. ಎಲ್ಲವನ್ನೂ ಕಳೆದರೆ ೮೧,೯೦೦. ಹತ್ತು ಸಾವಿರವೆಂದು ತೋರಿದ ಲಾಭವು ೧,೯೦೦ಕ್ಕೆ ಇಳಿಯಿತು.

ಎಷ್ಟು ಧಾರಣೆಯಾದರೆ ಕಾದುದಕ್ಕೆ ನಷ್ಟವಿಲ್ಲ ಎಂಬುದನ್ನೂ ಮೊದಲೇ ಕಂಡುಕೊಳ್ಳಬಹುದು. ಈಗಿನ ೮೦,೦೦೦ಕ್ಕೆ ಬಾಡಿಗೆ ಬಡ್ಡಿಗಳ ೩,೬೦೦ನ್ನು ಕೂಡಿದರೆ ೮೩,೬೦೦. ಇದನ್ನು ಉಳಿಯುವ ೩೮ ಕ್ವಿಂಟಾಲಿನಿಂದ ಭಾಗಿಸಿದರೆ ೨,೨೦೦. ಧಾರಣೆಯು ೨,೨೦೦ಕ್ಕಿಂತ ಮೇಲೇರುವ ನಂಬಿಕೆಯು ಬಲವಾಗಿದ್ದರೆ ಕಾಯಬಹುದು; ಇಲ್ಲವಾದರೆ ಮಾರಿ ಸಾಲವನ್ನು ತೀರಿಸುವುದೇ ಮೇಲು. ಸಾಲವಿಲ್ಲದೆ, ಸ್ವಂತ ಕಣಜವಿದ್ದು, ಕಾಳನ್ನು ಚೆನ್ನಾಗಿ ಒಣಗಿಸಿ ಕಾಪಾಡಿಕೊಳ್ಳಬಲ್ಲವನಿಗೆ ಈ ಅಂಕಿಯು ಇನ್ನೂ ಕೆಳಗಿಳಿಯುವುದು. ಒಂದೇ ಊರಿನಲ್ಲಿ ಒಬ್ಬನಿಗೆ ಕಾಯುವುದು ಲಾಭವಾಗಿಯೂ ಪಕ್ಕದ ಮನೆಯವನಿಗೆ ನಷ್ಟವಾಗಿಯೂ ಇರಬಹುದಾದುದರಿಂದ, ನೆರೆಯವನು ಕಾದನೆಂದು ತಾನೂ ಕಾಯುವುದು ಸರಿಯಲ್ಲ.

೮. ಎರಡು ಬಗೆಯ ಮಾಲು

ಒಮ್ಮೊಮ್ಮೆ ಒಟ್ಟು ಎಣಿಕೆಯೂ ಒಟ್ಟು ಹಣವೂ ಮಾತ್ರ ತಿಳಿದಿದ್ದು, ಯಾವ ಬಗೆಯದು ಎಷ್ಟು ಮಾರಿತೆಂಬುದನ್ನು ಕಂಡುಹಿಡಿಯಬೇಕಾಗುವುದು. ಆಳೊಬ್ಬನು ೬೦ ತೆಂಗಿನಕಾಯಿಗಳನ್ನು ಸಂತೆಗೆ ಒಯ್ದು, ದೊಡ್ಡದನ್ನು ೩೦ ರೂಪಾಯಿಯಂತೆಯೂ ಚಿಕ್ಕದನ್ನು ೨೦ ರೂಪಾಯಿಯಂತೆಯೂ ಮಾರಿ ೧,೫೨೦ ರೂಪಾಯಿ ತಂದನು. ದೊಡ್ಡವು ಎಷ್ಟು, ಚಿಕ್ಕವು ಎಷ್ಟು?

ಎಲ್ಲವೂ ಚಿಕ್ಕವೆಂದೇ ಮೊದಲು ಭಾವಿಸತಕ್ಕದ್ದು. ಆಗ ೬೦ಕ್ಕೆ ೨೦ರಂತೆ ೧,೨೦೦ ರೂಪಾಯಿ ಬರಬೇಕು. ಬಂದುದು ೧,೫೨೦, ಹೆಚ್ಚು ಬಂದುದು ೩೨೦. ಒಂದು ಚಿಕ್ಕ ಕಾಯಿಯ ಬದಲಿಗೆ ಒಂದು ದೊಡ್ಡ ಕಾಯಿಯಿದ್ದರೆ ೧೦ ರೂಪಾಯಿ ಹೆಚ್ಚುವುದು. ೩೨೦ನ್ನು ೧೦ರಿಂದ ಭಾಗಿಸಿದರೆ ೩೨. ದೊಡ್ಡವು ೩೨, ಚಿಕ್ಕವು ೨೮. ತಾಳೆ ನೋಡಿದರೆ, ೩೨ಕ್ಕೆ ೩೦ರಂತೆ ೯೬೦, ೨೮ಕ್ಕೆ ೨೦ರಂತೆ ೫೬೦, ಒಟ್ಟು ೧,೫೨೦.

ಆಳು ತಂದುದು ೧,೫೨೫ ಆಗಿದ್ದರೆ, ಹೆಚ್ಚಿನ ೩೨೫ವು ೧೦ರಿಂದ ನಿಶ್ಶೇಷವಾಗಿ ಭಾಗವಾಗುವುದಿಲ್ಲ. ಹೇಳಿದ ಎಣಿಕೆಯಲ್ಲಿಯೋ ಬೆಲೆಯಲ್ಲಿಯೋ ಹಣದಲ್ಲಿಯೋ ಎಲ್ಲಿಯೋ ವ್ಯತ್ಯಾಸವಿದೆಯೆಂದು ಲೆಕ್ಕವೇ ತಿಳಿಸುವುದು. ಯಾರನ್ನೂ ದೂರುವುದಕ್ಕೆ ಮೊದಲು ಲೆಕ್ಕವನ್ನು ಕೇಳಬೇಕು. ಚೌಕಾಸಿಯಲ್ಲಿ ಒಂದು ಕಾಯಿಯನ್ನು ೨೫ ರೂಪಾಯಿಗೆ ಕೊಟ್ಟಿದ್ದರೂ ಹೀಗಾಗಬಹುದು. ಸಹಕಾರ ಸಂಘದ ದಾಸ್ತಾನನ್ನೂ ಜಾತ್ರೆಯ ಅಂಗಡಿಯ ವಸೂಲಿಯನ್ನೂ ಪರೀಕ್ಷಿಸುವ ಮುಖಂಡರಿಗೆ ಈ ಕ್ರಮವು ಬಹಳ ಪ್ರಯೋಜನಕಾರಿ.

೯. ಮುಖಂಡರು ಮಾಡಬಹುದಾದುದು

ಊರಿನಲ್ಲಿ ಲೆಕ್ಕ ಬಲ್ಲವನು ಒಬ್ಬನಿದ್ದರೆ ಸಾಲದು. ಅವನ ಲೆಕ್ಕವನ್ನು ಪರೀಕ್ಷಿಸಬಲ್ಲವರು ಹತ್ತು ಮಂದಿಯಾದರೂ ಇರಬೇಕು. ಈ ಉದ್ದೇಶಕ್ಕಾಗಿ ಗ್ರಾಮದ ಮುಖಂಡರು ಕೆಲವು ಏರ್ಪಾಡುಗಳನ್ನು ಮಾಡಬಹುದು.

ಮೊದಲನೆಯದಾಗಿ, ಚಾವಡಿಯಲ್ಲಿಯೋ ಸಂಘದ ಮನೆಯಲ್ಲಿಯೋ ಒಂದು ಕಪ್ಪುಹಲಗೆಯನ್ನಿರಿಸಿ, ಸಮೀಪದ ಎರಡು ಮೂರು ಮಾರುಕಟ್ಟೆಗಳ ಧಾರಣೆಯನ್ನೂ, ಪ್ರತಿಯೊಂದರ ಮುಂದೆ ಚೀಲದ ಬಾಡಿಗೆಯನ್ನೂ ಬರೆಯಿಸುವುದು. ಬಾಡಿಗೆಯಿಲ್ಲದ ಧಾರಣೆಯು ಅರ್ಧ ಸಮಾಚಾರ.

ಎರಡನೆಯದಾಗಿ, ಪ್ರತಿಯೊಬ್ಬ ಹಿಡುವಳಿದಾರನ ಮನೆಯಲ್ಲಿಯೂ ಒಂದು ಮಾರಾಟದ ಪುಸ್ತಕವಿರುವಂತೆ ಮಾಡುವುದು. ತಾರೀಖು, ಮಾಲು, ಚೀಲಸಮೇತ ತೂಕ, ಚೀಲ ಕಳೆದ ತೂಕ, ಧಾರಣೆ, ಒಟ್ಟು ಹಣ, ಖರ್ಚು, ಕೈಗೆ ಬಂದ ಹಣ ಎಂಬ ಎಂಟು ಕಲಮುಗಳು ಸಾಕು. ಮಾರಾಟದ ಚೀಟಿಯನ್ನು ಅದೇ ಪುಟಕ್ಕೆ ಅಂಟಿಸತಕ್ಕದ್ದು.

ಮೂರನೆಯದಾಗಿ, ಊರಿನ ತಕ್ಕಡಿ ಮತ್ತು ತೂಕದ ಕಲ್ಲುಗಳು ಸರ್ಕಾರದ ಮುದ್ರೆಯನ್ನು ಹೊಂದಿವೆಯೇ ಎಂದು ನೋಡುವುದು. ೨೦೦೯ನೆಯ ಇಸವಿಯ ಕಾನೂನು ಮಾಪನ ಕಾಯಿದೆಯ ಮೇರೆಗೆ ವ್ಯಾಪಾರಕ್ಕೆ ಬಳಸುವ ತೂಕ ಮತ್ತು ಅಳತೆಗಳು ಪರಿಶೀಲನೆಗೊಂಡು ಮುದ್ರೆ ಪಡೆದಿರಬೇಕು. ತೂಕವೇ ತಪ್ಪಾದರೆ ಎಂತಹ ಸರಿಯಾದ ಗುಣಾಕಾರದಿಂದಲೂ ಪ್ರಯೋಜನವಿಲ್ಲ.

ನಾಲ್ಕನೆಯದಾಗಿ, ಶಾಲೆಯ ಉಪಾಧ್ಯಾಯರನ್ನು ಕೇಳಿಕೊಂಡು, ಊರಿನ ಬೆಳೆ, ಊರಿನ ಸಂತೆ, ಊರಿನ ಬಾಡಿಗೆಗಳನ್ನೇ ಇಟ್ಟು ಮಕ್ಕಳಿಗೆ ಲೆಕ್ಕಗಳನ್ನು ಕೊಡಿಸುವುದು. ಹೆಣ್ಣುಮಕ್ಕಳಿಗೂ ಇದನ್ನು ಸಮನಾಗಿ ಕಲಿಸತಕ್ಕದ್ದು; ಹಾಲು, ಬೆಣ್ಣೆ, ಹೂವು, ತರಕಾರಿಗಳ ಮಾರಾಟವು ಅನೇಕ ಮನೆಗಳಲ್ಲಿ ಹೆಂಗಸರ ಕೈಯಲ್ಲಿಯೇ ಇರುವುದು. ತಂದೆಯ ಚೀಟಿಯನ್ನು ಮಗಳು ತಾಳೆ ನೋಡುವ ಮನೆಯಲ್ಲಿ ತಪ್ಪು ಬಹುಕಾಲ ಅಡಗಿರಲಾರದು.

ಅಭ್ಯಾಸಕ್ಕಾಗಿ ಕೆಲವು ಲೆಕ್ಕಗಳು

(೧) ಕ್ವಿಂಟಾಲಿಗೆ ೨,೮೦೦ ರೂಪಾಯಿಯಂತೆ ೪ ಕ್ವಿಂಟಾಲ್ ೫ ಕಿಲೋ ಜೋಳದ ಬೆಲೆ ಎಷ್ಟು?

(೨) ೨೫ ಚೀಲ ಭತ್ತವು ಚೀಲಸಮೇತ ೧,೨೭೦ ಕಿಲೋ ತೂಗಿತು. ಹತ್ತು ಬರಿಯ ಚೀಲಗಳ ತೂಕ ೮ ಕಿಲೋ. ಧಾರಣೆಯು ಕ್ವಿಂಟಾಲಿಗೆ ೨,೪೦೦ ಆದರೆ ಬರಬೇಕಾದ ಹಣವೆಷ್ಟು?

(೩) ೬ ಕ್ವಿಂಟಾಲ್ ಹುರುಳಿಯನ್ನು ೫,೦೦೦ರಂತೆಯೂ ೪ ಕ್ವಿಂಟಾಲನ್ನು ೫,೫೦೦ರಂತೆಯೂ ಮಾರಿದರೆ ಸರಾಸರಿ ಧಾರಣೆಯೆಷ್ಟು?

(೪) ೫೦ ಕುಂಬಳಕಾಯಿಗಳಲ್ಲಿ ದೊಡ್ಡದು ೪೦ ರೂಪಾಯಿಗೂ ಚಿಕ್ಕದು ೨೫ ರೂಪಾಯಿಗೂ ಮಾರಿ ಒಟ್ಟು ೧,೫೫೦ ರೂಪಾಯಿ ಬಂದಿತು. ದೊಡ್ಡವು ಎಷ್ಟು?

ಉತ್ತರಗಳು: (೧) ೧೧,೩೪೦ ರೂಪಾಯಿ. (೨) ೩೦,೦೦೦ ರೂಪಾಯಿ. (೩) ೫,೨೦೦ ರೂಪಾಯಿ. (೪) ೨೦.

ಮಹನೀಯರೇ, ಮೇಲೆ ಹೇಳಿದ ಲೆಕ್ಕಗಳಲ್ಲಿ ಯಾವುದೂ ಒಂದು ಹಾಳೆಯ ಅರ್ಧವನ್ನು ಮೀರುವುದಿಲ್ಲ. ಒಂದು ಸೊನ್ನೆಯ ಸ್ಥಾನದಿಂದ ೧,೬೨೦, ಚೀಲದ ಅಂದಾಜಿನಿಂದ ೧,೯೮೪, ಒಂಟಿಯಾಗಿ ಸಾಗಿಸುವುದರಿಂದ ೧,೪೦೦ ರೂಪಾಯಿ ಹೇಗೆ ಹೋಗಬಹುದೆಂಬುದನ್ನು ಅವು ತೋರಿಸುತ್ತವೆ. ಇವುಗಳನ್ನು ಉಳಿಸಿಕೊಳ್ಳುವುದಕ್ಕೆ ಹೊಸ ಭೂಮಿಯಾಗಲಿ ಹೊಸ ಎತ್ತುಗಳಾಗಲಿ ಬೇಕಿಲ್ಲ. ಮಾಲನ್ನು ಗಾಡಿಗೆ ಏರಿಸುವುದಕ್ಕೆ ಮೊದಲು ಮನೆಯಲ್ಲಿ ಒಮ್ಮೆ, ಹಣವನ್ನು ಎಣಿಸಿಕೊಳ್ಳುವುದಕ್ಕೆ ಮೊದಲು ಮಾರುಕಟ್ಟೆಯಲ್ಲಿ ಒಮ್ಮೆ, ಹೀಗೆ ಎರಡು ಬಾರಿ ಲೆಕ್ಕವನ್ನು ಮಾಡುವ ಪದ್ಧತಿಯನ್ನು ಪ್ರತಿಯೊಬ್ಬ ಹಿಡುವಳಿದಾರನೂ ಈ ಸುಗ್ಗಿಯಿಂದಲೇ ಆರಂಭಿಸತಕ್ಕದ್ದು.